ಚೀಸ್ ಪ್ಲಾಸ್ಟಿಕ್ ಅಲ್ಲ, ಆದರೆ ಉಂಡೆ ಹಸಿ ಉಳಿಯಬಾರದು: ಓವನ್ ಇಲ್ಲದೆ ಪಾಸ್ತಾ ಬೇಕ್ ಮಾಡುವ ಮೊದಲು ಇದನ್ನು ಓದಿ

ಚಮಚ ಎತ್ತಿದರೆ ದಾರದಂತೆ ಎಳೆದುಕೊಂಡು ಬರುವ ಬಿಳಿ ಚೀಸ್, ಅದರಡಿ ಕೆಂಪು ಸಾಸಿನಲ್ಲಿ ಬೆಂದ ಪಾಸ್ತಾ, ನಡುನಡುವೆ ಮಾಂಸದ ಉಂಡೆಗಳು. ಮೂವತ್ತು ಸೆಕೆಂಡಿನ ಈ ಬಗೆಯ ವಿಡಿಯೊ ನಿಮ್ಮ ಫೋನಿಗೂ ಬಂದಿರುತ್ತದೆ. ಮನೆಯಲ್ಲಿ ಮಕ್ಕಳು ನೋಡಿ, "ಇದನ್ನು ಮಾಡಿಕೊಡಿ" ಎಂದು ಹಟ ಹಿಡಿದಿರಲೂಬಹುದು. ಅದರ ಬೆನ್ನಿಗೇ ಫ್ಯಾಮಿಲಿ ಗ್ರೂಪಿನಲ್ಲಿ ಇನ್ನೊಂದು ರಾಶಿ ಸಂದೇಶ ಬರುತ್ತದೆ: ಚೀಸ್ ಅಂದರೆ ಪ್ಲಾಸ್ಟಿಕ್, ಬೆಂಕಿ ಹಚ್ಚಿ ನೋಡಿ. ಪಾಸ್ತಾದ ಮೈದಾ ಕರುಳಿಗೆ ಅಂಟಿಕೊಳ್ಳುತ್ತದೆ. ಮಾಂಸದ ಜೊತೆ ಹಾಲಿನ ಪದಾರ್ಥ ತಿಂದರೆ ತೊನ್ನು ಬರುತ್ತದೆ. ಇವಕ್ಕೆಲ್ಲ ಕೊನೆಯಲ್ಲಿ "ಎಲ್ಲರಿಗೂ ಕಳಿಸಿ" ಎಂಬ ಬಾಲ ಬೇರೆ.

ಮೊಳಕಾಲ್ಮುರು ತಾಲ್ಲೂಕಿನ ಕೊಂಡ್ಲಹಳ್ಳಿಯಂಥ ಊರಿನಲ್ಲಿ, ಗ್ಯಾಸ್ ಒಲೆ ಮತ್ತು ಒಂದೆರಡು ದಪ್ಪ ಪಾತ್ರೆ ಬಿಟ್ಟರೆ ಬೇರೇನೂ ಇಲ್ಲದ ಅಡುಗೆಮನೆಯಲ್ಲಿ ಈ ತಿನಿಸು ಆಗುತ್ತದೆಯೇ? ಆಗುತ್ತದೆ, ಚೆನ್ನಾಗಿಯೇ ಆಗುತ್ತದೆ. ಆದರೆ ಮೇಲಿನ ಮೂರು ಭಯಗಳೂ ಸುಳ್ಳು. ನಿಜವಾಗಿ ಭಯಪಡಬೇಕಾದ ಮೂರು ಸಂಗತಿಗಳಿವೆ, ಅವು ಯಾವ ಫಾರ್ವರ್ಡ್‌ನಲ್ಲೂ ಬರುವುದಿಲ್ಲ: ಸರಿಯಾಗಿ ಬೇಯದ ಕೈಮಾ, ಸೀಟಿ ಹಾಕಿ ಒಣಗಾಯಿಸಿದ ಕುಕ್ಕರ್, ಮತ್ತು ಉಳಿದದ್ದನ್ನು ಬೆಚ್ಚಗೆ ಇಡುವ ಹಾಟ್‌ಬಾಕ್ಸ್.

ಹೆಸರಿನಲ್ಲೇ ಒಂದು ಗೊಂದಲವಿದೆ. ನಮ್ಮ ಮನೆಗಳಲ್ಲಿ ಕ್ಯಾಸರೋಲ್ ಎಂದರೆ ಚಪಾತಿ ಬಿಸಿಯಾಗಿಡುವ ಡಬ್ಬಿ, ಅದೇ ಹಾಟ್‌ಬಾಕ್ಸ್. ವಿಡಿಯೊದವರು ಹೇಳುವ ಕ್ಯಾಸರೋಲ್ ಬೇರೆ. ಒಂದು ಅಗಲ ಪಾತ್ರೆಯಲ್ಲಿ ಎಲ್ಲವನ್ನೂ ಸೇರಿಸಿ, ಸುತ್ತಲಿನಿಂದ ಬಿಸಿ ಕೊಟ್ಟು ಬೇಯಿಸಿ, ಅದೇ ಪಾತ್ರೆಯಿಂದ ಬಡಿಸುವ ಅಡುಗೆಗೆ ಆ ಹೆಸರು. ಈ ಎರಡು ಅರ್ಥಗಳ ನಡುವೆ ಒಂದು ಅಪಾಯ ಕೂತಿದೆ, ಅದಕ್ಕೆ ಕೊನೆಯಲ್ಲಿ ಬರುತ್ತೇವೆ.

ಉಂಡೆ ನಮ್ಮದೇ

ಮೀಟ್‌ಬಾಲ್ ಎಂಬ ಹೆಸರಿಗೆ ಹೆದರಬೇಕಿಲ್ಲ. ಅದು ಕೈಮಾ ಉಂಡೆ. ಚಳ್ಳಕೆರೆ, ಮೊಳಕಾಲ್ಮುರು ಕುರಿ ಸಾಕಣೆಯ ಸೀಮೆ. ಚಳ್ಳಕೆರೆಯ ಕಂಬಳಿಗೆ ಹೆಸರು ಬಂದದ್ದೇ ಇಲ್ಲಿನ ಕುರಿಗಳಿಂದ. ಕುರಿ ಮಾಂಸವನ್ನು ನುಣ್ಣಗೆ ಕೊಚ್ಚಿ, ಹುರಿಗಡಲೆ ಪುಡಿ, ಶುಂಠಿ, ಬೆಳ್ಳುಳ್ಳಿ, ಹಸಿಮೆಣಸು, ಕೊತ್ತಂಬರಿ ಸೇರಿಸಿ ಉಂಡೆ ಕಟ್ಟಿ, ಕುದಿಯುವ ಸಾರಿಗೆ ಬಿಡುವುದು ಕರ್ನಾಟಕದ ಮಾಂಸಾಹಾರಿ ಮನೆಗಳಿಗೆ ಗೊತ್ತಿರುವ ಅಡುಗೆ. ವಿಡಿಯೊದಲ್ಲಿ ಉಂಡೆ ಒಡೆಯದಂತೆ ಬ್ರೆಡ್ ಪುಡಿ, ಮೊಟ್ಟೆ ಹಾಕುತ್ತಾರೆ. ನಮ್ಮಲ್ಲಿ ಆ ಕೆಲಸವನ್ನು ಹುರಿಗಡಲೆ ಮಾಡುತ್ತದೆ. ಅದರ ಪಿಷ್ಟ ಮಾಂಸದಿಂದ ಬಿಡುವ ರಸವನ್ನು ಹೀರಿ ಉಂಡೆಯನ್ನು ಹಿಡಿದಿಡುತ್ತದೆ. ಉಪ್ಪಿಗೂ ಇಲ್ಲಿ ರುಚಿಯ ಆಚೆಗೆ ಒಂದು ಕೆಲಸವಿದೆ. ಉಪ್ಪು ಹಾಕಿ ಮೂರ್ನಾಲ್ಕು ನಿಮಿಷ ನಾದಿದರೆ ಮಾಂಸದ ಒಂದು ಪ್ರೋಟೀನ್ ಕರಗಿ ಹೊರಬಂದು ಗೋಂದಿನಂತಾಗುತ್ತದೆ. ಕೈಗೆ ಅಂಟತೊಡಗಿತು ಅಂದರೆ ಹದ ಬಂತು.

ನಾಲ್ಕು ಜನಕ್ಕೆ ಅರ್ಧ ಕಿಲೊ ಕೈಮಾ, 50 ಗ್ರಾಂ ಹುರಿಗಡಲೆ ಪುಡಿ, ತೀರಾ ಸಣ್ಣಗೆ ಹೆಚ್ಚಿದ ಒಂದು ಈರುಳ್ಳಿ, ಒಂದು ಚಿಕ್ಕ ಚಮಚ ಉಪ್ಪು ಸಾಕು. ಸಣ್ಣ ನಿಂಬೆಹಣ್ಣಿನ ಗಾತ್ರದ, ಸುಮಾರು 25ರಿಂದ 30 ಗ್ರಾಂ ತೂಗುವ ಇಪ್ಪತ್ತು ಉಂಡೆ ಆಗುತ್ತವೆ. ಇದಕ್ಕಿಂತ ದೊಡ್ಡದು ಮಾಡಬೇಡಿ ಎಂದು ನಾವು ಹೇಳುವುದು ಅಂದಕ್ಕಲ್ಲ.

ಇಡಿಯಾದ ಮಾಂಸದ ತುಂಡಿನಲ್ಲಿ ರೋಗಾಣುಗಳು ಹೆಚ್ಚಾಗಿ ಮೇಲ್ಮೈಯಲ್ಲೇ ಇರುತ್ತವೆ, ಹೊರಗೆ ಬಿಸಿ ತಾಗಿದರೆ ಸಾಯುತ್ತವೆ. ಕೊಚ್ಚಿದಾಗ ಮೇಲ್ಮೈಯಲ್ಲಿದ್ದದ್ದೆಲ್ಲ ಒಳಗೆ ಬೆರೆಯುತ್ತದೆ. ಚಾಕು, ಮರದ ದಿಮ್ಮಿ, ಕೊಚ್ಚುವ ಯಂತ್ರದಲ್ಲಿ ಇದ್ದದ್ದೂ ಸೇರಿಕೊಳ್ಳುತ್ತದೆ. ಸಾಲ್ಮೊನೆಲ್ಲಾ ಆಗಲಿ, ಇ. ಕೋಲೈನ ಕೆಟ್ಟ ತಳಿಗಳಾಗಲಿ ಉಂಡೆಯ ನಡುಮಧ್ಯದಲ್ಲಿ ಕುಳಿತಿರಬಹುದು. ಅದಕ್ಕೇ ಅಮೆರಿಕದ ಕೃಷಿ ಇಲಾಖೆ ಇಡಿ ತುಂಡಿಗೆ 63 ಡಿಗ್ರಿ ಸೆಲ್ಸಿಯಸ್ ಸಾಕು ಎಂದರೂ, ಕೊಚ್ಚಿದ ಮಾಂಸದ ಒಳಭಾಗ 71 ಡಿಗ್ರಿ ಮುಟ್ಟಬೇಕು ಎನ್ನುತ್ತದೆ. ಕೋಳಿ ಕೈಮಾ ಆದರೆ 74.

ಬಣ್ಣ ನೋಡಿ ಬೆಂದಿದೆ ಎಂದು ತೀರ್ಮಾನಿಸುವುದು ನಮ್ಮೆಲ್ಲರ ರೂಢಿ. ಕೈಮಾದ ವಿಷಯದಲ್ಲಿ ಅದು ನಂಬಿಕಸ್ತ ಪರೀಕ್ಷೆಯಲ್ಲ. ಗಾಳಿಗೆ ಹೆಚ್ಚು ಹೊತ್ತು ತೆರೆದಿದ್ದ ಕೈಮಾ 71 ಡಿಗ್ರಿ ತಲುಪುವ ಮೊದಲೇ ಕಂದು ಬಣ್ಣಕ್ಕೆ ತಿರುಗಬಹುದು, ಪೂರ್ತಿ ಬೆಂದದ್ದು ಕೆಲವೊಮ್ಮೆ ನಸುಗೆಂಪಾಗಿಯೇ ಉಳಿಯಬಹುದು. ಹಾಗಾದರೆ ಥರ್ಮಾಮೀಟರ್ ಇಲ್ಲದ ಮನೆಯಲ್ಲಿ ಏನು ಮಾಡಬೇಕು?

ಉತ್ತರ ನಮ್ಮ ಹಳೆಯ ಕ್ರಮದಲ್ಲೇ ಇದೆ. ಹಲವು ವಿಡಿಯೊಗಳಲ್ಲಿ ಹಸಿ ಉಂಡೆಯನ್ನು ಬಾಣಲೆಯಲ್ಲಿ ಎರಡು ನಿಮಿಷ ಹೊರಳಿಸಿ ಪಾಸ್ತಾದೊಳಗೆ ಹುದುಗಿಸಿ, ಉಳಿದದ್ದನ್ನು ಓವನ್ನಿಗೆ ಬಿಡುತ್ತಾರೆ. 190 ಡಿಗ್ರಿಯ ಓವನ್‌ನಲ್ಲಿ ಅದು ನಡೆದೀತು. ಒಲೆಯ ಮೇಲೆ ನಾವು ಕಟ್ಟುವ ಬದಲಿ ಓವನ್ನಿನ ಬಿಸಿ ಎಷ್ಟಿದೆ ಎಂದು ಯಾರಿಗೂ ಗೊತ್ತಿರುವುದಿಲ್ಲ. ಮೇಲಿನ ಚೀಸ್ ಕರಗಿತು, ಒಳಗಿನ ಉಂಡೆ ಬೇಯಲಿಲ್ಲ ಎಂಬ ಸ್ಥಿತಿ ಸುಲಭವಾಗಿ ಬರುತ್ತದೆ. ಆದ್ದರಿಂದ ಉಂಡೆಯನ್ನು ಸಾರಿಗೆ ಬಿಡುವಂತೆಯೇ ಟೊಮೆಟೊ ಸಾಸಿಗೆ ಬಿಟ್ಟು ಮೊದಲೇ ಪೂರ್ತಿ ಬೇಯಿಸಿಬಿಡಿ. ಬೇಕಿಂಗ್ ಎಂಬುದು ಚೀಸ್ ಕರಗಿಸಲು, ಎಲ್ಲವನ್ನೂ ಒಂದುಗೂಡಿಸಲು ಮಾತ್ರ. ನಮ್ಮ ಮಟ್ಟಿಗೆ ಇಡೀ ಲೇಖನದಲ್ಲಿ ನೆನಪಿಡಬೇಕಾದ ಮಾತು ಇದೊಂದೇ.

ಸಾಸಿಗೆ ಮುಕ್ಕಾಲು ಕಿಲೊ ಹಣ್ಣಾದ ಟೊಮೆಟೊ, ಎರಡು ಈರುಳ್ಳಿ, ಏಳೆಂಟು ಎಸಳು ಬೆಳ್ಳುಳ್ಳಿ, ಒಂದು ಚಮಚ ಖಾರದ ಪುಡಿ. ವಿಡಿಯೊದವರು ಆಲಿವ್ ಎಣ್ಣೆಯೇ ಬೇಕೆನ್ನುತ್ತಾರೆ. ಎಣ್ಣೆ ಗಿರಣಿಗಳಿಂದಲೇ ಹೆಸರಾದ ಚಳ್ಳಕೆರೆಯ ಪಕ್ಕ ಕೂತು ಆಲಿವ್ ಎಣ್ಣೆ ಹುಡುಕುವುದು ಬೇಡ, ಎರಡು ದೊಡ್ಡ ಚಮಚ ಕಡಲೆಕಾಯಿ ಎಣ್ಣೆ ಧಾರಾಳ. ಈರುಳ್ಳಿ, ಬೆಳ್ಳುಳ್ಳಿ ಬಾಡಿಸಿ, ಟೊಮೆಟೊ ಕರಗುವವರೆಗೆ ಬೇಯಿಸಿ, ಎರಡು ಲೋಟ ನೀರು ಸೇರಿಸಿ. ಸಾಸು ತಳಮಳ ಕುದಿಯತೊಡಗಿದ ಮೇಲೆಯೇ ಉಂಡೆಗಳನ್ನು ಒಂದೊಂದಾಗಿ ಬಿಡಿ. ಮೊದಲ ಐದು ನಿಮಿಷ ಚಮಚ ಆಡಿಸಬೇಡಿ, ಒಡೆಯುತ್ತವೆ. ಆಮೇಲೆ ಒಮ್ಮೆ ಮೆಲ್ಲಗೆ ತಿರುವಿ, ಮುಚ್ಚಳ ಮುಚ್ಚಿ, ಸಣ್ಣ ಕುದಿಯಲ್ಲಿ ಒಟ್ಟು 20 ನಿಮಿಷ. ಈ ಗಾತ್ರದ ಉಂಡೆ ಕುದಿಯುವ ದ್ರವದಲ್ಲಿ ಅಷ್ಟು ಹೊತ್ತು ಇದ್ದರೆ ನಡುಭಾಗವೂ 71 ಡಿಗ್ರಿಯನ್ನು ದಾಟಿಯೇ ದಾಟುತ್ತದೆ. ಎಲ್ಲಕ್ಕಿಂತ ದೊಡ್ಡ ಉಂಡೆಯನ್ನು ಮುರಿದು ನೋಡಿ, ನಡುವೆ ಹಸಿಮಾಂಸದ ಮೆತ್ತನೆ ಉಳಿದಿದ್ದರೆ ಇನ್ನೂ ಹತ್ತು ನಿಮಿಷ ಬೇಯಲಿ. ಬಸುರಿಯರಿರುವ ಮನೆಯಲ್ಲಿ ಈ ಎಚ್ಚರ ಇನ್ನೂ ಹೆಚ್ಚು ಬೇಕು. ಅರೆಬೆಂದ ಕುರಿ ಮಾಂಸದಿಂದ ಹರಡಬಲ್ಲ ಟಾಕ್ಸೊಪ್ಲಾಸ್ಮಾ ಎಂಬ ಪರಾವಲಂಬಿ ಹೊಟ್ಟೆಯಲ್ಲಿರುವ ಮಗುವಿಗೆ ಹಾನಿ ಮಾಡಬಲ್ಲದು.

ಕೈಮಾವನ್ನು ನಲ್ಲಿಯ ಕೆಳಗೆ ತೊಳೆದರೆ ಶುದ್ಧವಾಗುತ್ತದೆ ಎಂಬ ನಂಬಿಕೆಯೂ ಇದೆ. ತೊಳೆದರೆ ರೋಗಾಣು ಹೋಗುವುದಿಲ್ಲ, ಹನಿಗಳ ಜೊತೆ ಸಿಂಕಿಗೆ, ಪಕ್ಕದಲ್ಲಿಟ್ಟ ಕೊತ್ತಂಬರಿಗೆ ಸಿಡಿಯುತ್ತದೆ. ಜೊತೆಗೆ ಕೈಮಾ ನೀರು ಕುಡಿದು ಉಂಡೆ ಕಟ್ಟಲಾಗುವುದಿಲ್ಲ. ತೊಳೆಯದೆ ಮನಸ್ಸು ಒಪ್ಪದಿದ್ದರೆ ಇಡಿ ತುಂಡನ್ನೇ ಪಾತ್ರೆಯಲ್ಲಿ ಮೆಲ್ಲಗೆ ತೊಳೆದು, ಒರೆಸಿ, ಆಮೇಲೆ ಮನೆಯಲ್ಲೇ ಕೊಚ್ಚಿಕೊಳ್ಳಿ. ಅಂಗಡಿಯಲ್ಲಾದರೆ ಮೊದಲೇ ಕೊಚ್ಚಿಟ್ಟದ್ದು ಬೇಡ, ಕಣ್ಣೆದುರು ಕೊಚ್ಚಿಸಿ.

ಕುರಿ ಸೀಮೆಯಾದ್ದರಿಂದ ಇನ್ನೊಂದು ಮಾತನ್ನು ಬಿಡುವಂತಿಲ್ಲ. ಕಾಯಿಲೆಯಿಂದ ಸತ್ತ ಕುರಿಯ ಮಾಂಸ ಅಗ್ಗಕ್ಕೆ ಸಿಗುತ್ತದೆ, "ಚೆನ್ನಾಗಿ ಕುದಿಸಿದರೆ ಏನೂ ಆಗಲ್ಲ" ಎಂದು ಹೇಳುವವರೂ ಸಿಗುತ್ತಾರೆ. ಆಗುತ್ತದೆ. ಆಂಥ್ರಾಕ್ಸ್ ತರುವ ಬ್ಯಾಕ್ಟೀರಿಯಾ ಗಟ್ಟಿ ಕವಚದ ಬೀಜಾಣುವಾಗಿ ಮಾರ್ಪಡುತ್ತದೆ, ಮನೆಯ ಮಾಮೂಲಿ ಕುದಿತಕ್ಕೆ ಆ ಬೀಜಾಣು ಜಗ್ಗದಿರಬಹುದು. ತಿನ್ನುವವರಿಗಿಂತ ಮೊದಲು ಅಪಾಯ ತಟ್ಟುವುದು ಅದನ್ನು ಸುಲಿದು ಕೊಯ್ದವರಿಗೆ, ಚರ್ಮದ ಸಣ್ಣ ಗಾಯದ ಮೂಲಕ. ದಿಢೀರನೆ ಸತ್ತ, ಮೂಗು ಬಾಯಿಯಿಂದ ರಕ್ತ ಸುರಿದ ಕುರಿಯನ್ನು ಕೊಯ್ಯಲೇಬಾರದು. ಪಶುವೈದ್ಯರಿಗೆ ಅಥವಾ ಪಶುಸಂಗೋಪನಾ ಇಲಾಖೆಯ 1962 ಸಹಾಯವಾಣಿಗೆ ತಿಳಿಸಬೇಕು.

ಪಾಸ್ತಾ ಮತ್ತು ಕರುಳಿನ ಅಂಟು

ಗೋಡೆಗೆ ಪೋಸ್ಟರ್ ಅಂಟಿಸಲು ಮೈದಾ ಬಳಸುತ್ತಾರೆ, ಆದ್ದರಿಂದ ಅದು ಕರುಳಿಗೂ ಅಂಟುತ್ತದೆ ಎಂಬುದು ಫಾರ್ವರ್ಡ್‌ನ ವಾದ. ಅನ್ನದ ಗಂಜಿಯಿಂದಲೂ ಕಾಗದ ಅಂಟಿಸಬಹುದು. ಶಾಲೆಯಲ್ಲಿ ಅಂಟು ತೀರಿದಾಗ ನಾವೆಲ್ಲ ಅನ್ನದ ಅಗುಳನ್ನೇ ಉಜ್ಜಿದವರು. ಅಂಟುವುದು ಪಿಷ್ಟದ ಗುಣ. ಗೋಡೆಯ ಮೇಲೆ ಅದನ್ನು ಒಡೆಯುವವರು ಯಾರೂ ಇಲ್ಲ. ಹೊಟ್ಟೆಯೊಳಗೆ ಜೊಲ್ಲಿನ ಮತ್ತು ಮೇದೋಜೀರಕ ಗ್ರಂಥಿಯ ಅಮೈಲೇಸ್ ಎಂಬ ಕಿಣ್ವ ಅದನ್ನು ಸಕ್ಕರೆಯಾಗಿ ಕತ್ತರಿಸಿಬಿಡುತ್ತದೆ. ಮೈದಾದ ಮೇಲಿನ ನ್ಯಾಯವಾದ ದೂರು ಬೇರೆಯೇ: ಹೊಟ್ಟು ತೆಗೆದಿರುವುದರಿಂದ ನಾರು ಕಡಿಮೆ, ಬೇಗ ಸಕ್ಕರೆಯಾಗುತ್ತದೆ. ಮೈದಾದಲ್ಲಿರುವ ಅಲೋಕ್ಸಾನ್‌ನಿಂದ ಮಧುಮೇಹ ಬರುತ್ತದೆ ಎಂಬ ಸಂದೇಶವೂ ಹಳೆಯದು. ಪ್ರಯೋಗಾಲಯದಲ್ಲಿ ಇಲಿಗಳಿಗೆ ದೊಡ್ಡ ಪ್ರಮಾಣದಲ್ಲಿ ಚುಚ್ಚಿ ಮಧುಮೇಹ ಬರಿಸಲು ಬಳಸುವ ರಾಸಾಯನಿಕ ಅದು. ಬಿಳುಪಾಗಿಸಿದ ಹಿಟ್ಟಿನಲ್ಲಿ ಇದ್ದರೂ ಲವಲೇಶ. ಹಿಟ್ಟು ತಿಂದು ಅದರಿಂದ ಮನುಷ್ಯರಿಗೆ ಮಧುಮೇಹ ಬಂದದ್ದಕ್ಕೆ ಪುರಾವೆ ಇಲ್ಲ.

ಅಷ್ಟಕ್ಕೂ ಒಳ್ಳೆಯ ಪಾಸ್ತಾ ಮೈದಾದ್ದೇ ಅಲ್ಲ. ಅದು ಡ್ಯೂರಂ ಎಂಬ ಗಟ್ಟಿ ಗೋಧಿಯ ರವೆಯದು. ಉಪ್ಪಿಟ್ಟಿಗೆ ಹುಡುಕಿ ತರುವ ಬನ್ಸಿ ರವೆಯೂ ಡ್ಯೂರಂ ಜಾತಿಯ ಗೋಧಿಯದ್ದೇ. ಹಿಟ್ಟು ನಾದಿ ಒತ್ತಿ ಒಣಗಿಸುವ ಶಾವಿಗೆಗೂ ಪಾಸ್ತಾಗೂ ಇರುವ ದೂರ ಅಷ್ಟೇನಿಲ್ಲ. ಪೊಟ್ಟಣದ ಹಿಂದೆ ಡ್ಯೂರಂ ಗೋಧಿ ರವೆ ಎಂದಿದೆಯೋ, ಸಂಸ್ಕರಿತ ಗೋಧಿ ಹಿಟ್ಟು ಎಂದಿದೆಯೋ ಓದಿ ಕೊಳ್ಳಿ. ಎರಡನೆಯದು ಮೈದಾ, ಬೇಗ ಮುದ್ದೆಯಾಗುತ್ತದೆ.

ಬೇಯಿಸುವುದು ಸುಲಭ: 250 ಗ್ರಾಂ ಪಾಸ್ತಾಗೆ ಎರಡೂವರೆ ಲೀಟರ್ ಕುದಿನೀರು, ಉಪ್ಪು, ಪೊಟ್ಟಣದಲ್ಲಿ ಹೇಳಿದ್ದಕ್ಕಿಂತ ಎರಡು ನಿಮಿಷ ಕಡಿಮೆ. ಉಳಿದ ಬೇಯುವಿಕೆ ಸಾಸಿನೊಳಗೆ ಆಗುತ್ತದೆ. ನೀರಿಗೆ ಎಣ್ಣೆ ಹಾಕಿದರೆ ಅಂಟುವುದಿಲ್ಲ ಎನ್ನುತ್ತಾರೆ. ಎಣ್ಣೆ ಮೇಲೆ ತೇಲುತ್ತದೆ, ಪಾಸ್ತಾ ಕೆಳಗೆ ಬೇಯುತ್ತದೆ, ಎರಡೂ ಭೇಟಿಯಾಗುವುದು ಬಸಿಯುವಾಗಷ್ಟೇ. ಮೊದಲ ಎರಡು ನಿಮಿಷ ಕೈಯಾಡಿಸಿದರೆ ಸಾಕು.

ಲೈಟರ್ ಹಚ್ಚಿದ ಚೀಸ್

ಚೀಸ್ ಸ್ಲೈಸ್‌ಗೆ ಸಿಗರೇಟ್ ಲೈಟರ್ ಹಿಡಿಯುವ ವಿಡಿಯೊ ವರ್ಷಗಟ್ಟಲೆಯಿಂದ ಸುತ್ತುತ್ತಿದೆ. ಚೀಸ್ ಕರಗಿ ಹರಿಯುವುದಿಲ್ಲ, ಕಪ್ಪಾಗುತ್ತದೆ, ಸುಟ್ಟ ವಾಸನೆ ಬರುತ್ತದೆ. "ನೋಡಿ, ಪ್ಲಾಸ್ಟಿಕ್!"

ನಿಜಕ್ಕೂ ಪಾಲಿಥಿನ್ ಆಗಿದ್ದರೆ ಕರಗಿ ತೊಟ್ಟಿಕ್ಕುತ್ತಿತ್ತು. ಇಲ್ಲಿ ಆಗುವುದು ಅದರ ಉಲ್ಟಾ. ಸಂಸ್ಕರಿತ ಚೀಸ್ ಮಾಡುವಾಗ ಸೋಡಿಯಂ ಸಿಟ್ರೇಟ್ ಅಥವಾ ಫಾಸ್ಫೇಟ್ ಲವಣ ಸೇರಿಸುತ್ತಾರೆ. ಅವು ಹಾಲಿನ ಪ್ರೋಟೀನ್, ಕೊಬ್ಬು, ನೀರು ಬೇರೆಬೇರೆಯಾಗದಂತೆ ಹಿಡಿದಿಡುತ್ತವೆ. ಒಂದೇ ಬಿಂದುವಿಗೆ ಉರಿ ತಾಗಿದಾಗ ಆ ಜಾಗದ ನೀರು ಹಾರಿ ಪ್ರೋಟೀನ್ ಸುಟ್ಟು ಕರಕಲಾಗುತ್ತದೆ. ಲೈಟರಿನ ಹಳದಿ ಜ್ವಾಲೆಯ ಮಸಿಯೂ ಮೇಲೆ ಕೂರುತ್ತದೆ, ಅದೇ ಜ್ವಾಲೆಗೆ ಸ್ಟೀಲ್ ಚಮಚ ಹಿಡಿದರೂ ಕಪ್ಪಾಗುತ್ತದೆ. ಚಪಾತಿಗೆ ಲೈಟರ್ ಹಿಡಿದು ಯಾರಾದರೂ ವಿಡಿಯೊ ಮಾಡಿದರೆ ಅದೂ ಪ್ಲಾಸ್ಟಿಕ್ಕೇ ಆದೀತು.

ದಾರ ಎಳೆಯುವ ಗುಣ ಮೊಜ್ಜರೆಲ್ಲಾದ್ದು. ಹಾಲಿನ ಕೇಸಿನ್ ಎಂಬ ಪ್ರೋಟೀನ್‌ಗಳ ನಡುವೆ ಕ್ಯಾಲ್ಸಿಯಂ ಕೊಂಡಿಯಾಗಿರುತ್ತದೆ. ಗಡ್ಡೆಯನ್ನು ಬಿಸಿನೀರಿನಲ್ಲಿ ನಾದಿ ಎಳೆದಾಗ ಆ ಪ್ರೋಟೀನ್‌ಗಳು ಎಳೆಎಳೆಯಾಗಿ ಸಾಲುಗಟ್ಟುತ್ತವೆ, ಮತ್ತೆ ಬಿಸಿಯಾದಾಗ ಒಂದರ ಮೇಲೊಂದು ಜಾರುತ್ತವೆ. ಪನೀರ್‌ಗೆ ಹಾಗಾಗುವುದಿಲ್ಲ. ಬಿಸಿ ಹಾಲಿಗೆ ಹುಳಿ ಹಿಂಡಿದಾಗ ಕ್ಯಾಲ್ಸಿಯಂ ಕೊಂಡಿ ಕಳಚಿ ಪ್ರೋಟೀನ್ ಗಟ್ಟಿಯಾಗಿ ಮುದುಡಿಕೊಳ್ಳುತ್ತದೆ, ಎಷ್ಟು ಕಾಯಿಸಿದರೂ ಕರಗದು. ಮನೆಯ ಹಾಲಿನ ಪನೀರನ್ನು ಪುಡಿ ಮಾಡಿ ಪಾಸ್ತಾದೊಳಗೆ ಬೆರೆಸಬಹುದು, ಮೇಲಿನ ಪದರಕ್ಕೆ ಮಾತ್ರ ಮೊಜ್ಜರೆಲ್ಲಾ ಬೇಕು. ನಾಲ್ಕು ಜನಕ್ಕೆ 200 ಗ್ರಾಂ ಸಾಕು. ನಂದಿನಿ, ಅಮುಲ್ ಎರಡರದ್ದೂ ಪೇಟೆಯಲ್ಲಿ ಸಿಗುತ್ತದೆ. ತುರಿದ ಚೀಸ್ ಪೊಟ್ಟಣದೊಳಗಿನ ಬಿಳಿ ಪುಡಿ ಸುಣ್ಣವಲ್ಲ, ತುರಿ ಒಂದಕ್ಕೊಂದು ಅಂಟದಿರಲು ಹಾಕಿದ ಪಿಷ್ಟ ಅಥವಾ ಸೆಲ್ಯುಲೋಸ್.

ಮೋಸ ಇಲ್ಲವೇ ಇಲ್ಲ ಎಂದೇನಲ್ಲ. ಹಾಲಿನ ಕೊಬ್ಬಿನ ಬದಲು ಪಾಮ್ ಎಣ್ಣೆ ಹಾಕಿದ ಅನಲಾಗ್ ಎಂಬ ಪದಾರ್ಥ ಅಗ್ಗಕ್ಕೆ ಸಿಗುತ್ತದೆ. ಅದೂ ಪ್ಲಾಸ್ಟಿಕ್ ಅಲ್ಲ, ವಿಷವೂ ಅಲ್ಲ. ಆದರೆ ಚೀಸಿನ ದುಡ್ಡು ಕೊಟ್ಟು ಎಣ್ಣೆ ತಂದಂತಾಗುತ್ತದೆ. ಅದನ್ನು ಪತ್ತೆಹಚ್ಚುವುದು ಲೈಟರಿನಿಂದಲ್ಲ, ಪೊಟ್ಟಣದ ಹಿಂದಿನ ಸಣ್ಣಕ್ಷರದಿಂದ. ಪದಾರ್ಥಗಳ ಪಟ್ಟಿಯಲ್ಲಿ ಖಾದ್ಯ ತೈಲ ಅಥವಾ ಅನಲಾಗ್ ಎಂದಿದ್ದರೆ ತಿಳಿಯಿತು. ಚಳ್ಳಕೆರೆಯಲ್ಲಿ ಕೊಂಡು ಬಸ್ಸಿನಲ್ಲಿ ಊರಿಗೆ ತರುವವರು ಚೀಸನ್ನು ಎಲ್ಲ ಸಾಮಾನು ಮುಗಿಸಿ ಕೊನೆಗೆ ಕೊಳ್ಳಿ. ಬೇಸಿಗೆಯ ಮಧ್ಯಾಹ್ನ ಚೀಲದಲ್ಲಿ ಕೂತ ಚೀಸ್ ಬೆವರಿ ಮುದ್ದೆಯಾಗುತ್ತದೆ.

ಇನ್ನು ಮಾಂಸ ಮತ್ತು ಹಾಲು ಸೇರಿದರೆ ತೊನ್ನು ಎಂಬ ಮಾತು. ತೊನ್ನು ಬರುವುದು ದೇಹದ ರಕ್ಷಣಾ ವ್ಯವಸ್ಥೆಯೇ ಚರ್ಮಕ್ಕೆ ಬಣ್ಣ ಕೊಡುವ ಕೋಶಗಳ ಮೇಲೆ ದಾಳಿ ಮಾಡುವುದರಿಂದ. ಊಟದ ಜೋಡಿಗೂ ಅದಕ್ಕೂ ಸಂಬಂಧವಿಲ್ಲ, ಅದು ಅಂಟುರೋಗವೂ ಅಲ್ಲ. ಮೊಸರು ಹಾಕಿ ಮಾಂಸ ನೆನೆಸುವ ಬಿರಿಯಾನಿಯನ್ನು ಮದುವೆ ಮನೆಗಳಲ್ಲಿ ಸಾಲಾಗಿ ಕೂತು ಉಂಡವರು ಈ ಸಂದೇಶವನ್ನು ಕಳಿಸುವಾಗ ಒಮ್ಮೆ ಯೋಚಿಸಬಹುದಿತ್ತು. ಚೀಸಿನ ಬಗ್ಗೆ ನಿಜವಾದ ಚಿಂತೆ ಬೇಕಿದ್ದರೆ ಅದು ಉಪ್ಪು ಮತ್ತು ಕೊಬ್ಬು. ರಕ್ತದೊತ್ತಡ ಇರುವವರಿದ್ದರೆ ಸಾಸಿಗೆ ಉಪ್ಪು ಹಾಕಲೇಬೇಡಿ, ಚೀಸ್ ಮತ್ತು ಉಂಡೆಯಲ್ಲಿರುವುದೇ ಸಾಕಾಗುತ್ತದೆ.

ಕುಕ್ಕರ್ ಓವನ್ ಅಲ್ಲ

ಬೆಂದ ಪಾಸ್ತಾ, ಉಂಡೆ, ಸಾಸು, ಅರ್ಧ ಚೀಸ್ ಬೆರೆಸಿ, ಎಣ್ಣೆ ಸವರಿದ ಪಾತ್ರೆಗೆ ಹಾಕಿ, ಉಳಿದ ಚೀಸ್ ಮೇಲೆ ಹರಡಿ. ಮಿಶ್ರಣ ಸ್ವಲ್ಪ ತೆಳುವಾಗಿಯೇ ಕಾಣಬೇಕು, ಬೇಯುವಾಗ ಪಾಸ್ತಾ ರಸ ಕುಡಿಯುತ್ತದೆ. ಓವನ್ ಇದ್ದರೆ 190 ಡಿಗ್ರಿ, 20ರಿಂದ 25 ನಿಮಿಷ. ಇಲ್ಲದವರಿಗೆ ಬರುವ ಫಾರ್ವರ್ಡ್: "ಕುಕ್ಕರ್‌ನಲ್ಲಿಟ್ಟು ಎರಡು ಸೀಟಿ ಕೂಗಿಸಿ."

ದಯವಿಟ್ಟು ಬೇಡ. ಪಾಸ್ತಾದಂಥ ಪಿಷ್ಟದ ಆಹಾರ ನೊರೆ ಉಕ್ಕಿಸಿ ಆವಿ ಹೋಗುವ ರಂಧ್ರವನ್ನು ಮುಚ್ಚಬಲ್ಲದು, ಕರಗಿದ ಚೀಸ್ ಅದಕ್ಕೆ ಬಿರಡೆಯಾಗಬಲ್ಲದು. ರಂಧ್ರ ಮುಚ್ಚಿದ ಕುಕ್ಕರ್ ಏನಾಗುತ್ತದೆ ಎಂದು ಹೇಳಬೇಕಿಲ್ಲ. ಅಪಾಯವಾಗದಿದ್ದರೂ ಕೆಲಸವಂತೂ ಆಗುವುದಿಲ್ಲ. ಸೀಟಿ ಹಾಕಿದ ಕುಕ್ಕರ್‌ನೊಳಗೆ ಬಿಸಿ ಸುಮಾರು 120 ಡಿಗ್ರಿ, ಅದೂ ಹಸಿ ಆವಿ. ಚೀಸ್ ಹೊಂಬಣ್ಣಕ್ಕೆ ತಿರುಗಲು ಒಣ ಗಾಳಿ ಮತ್ತು ಸುಮಾರು 140 ಡಿಗ್ರಿಗಿಂತ ಹೆಚ್ಚಿನ ಬಿಸಿ ಬೇಕು. ಸೀಟಿ ಹಾಕಿದರೆ ಸಿಗುವುದು ಬೆಳ್ಳಗಿನ ಗಂಜಿ. ಸೀಟಿ, ಗ್ಯಾಸ್ಕೆಟ್ ಎರಡನ್ನೂ ತೆಗೆದು ಒಣ ಕುಕ್ಕರ್‌ನಲ್ಲಿ ಕೇಕ್ ಮಾಡುವವರಿದ್ದಾರೆ. ಆಗ ಸಿಡಿಯುವ ಭಯವಿಲ್ಲ ನಿಜ, ಆದರೆ ನೀರಿಲ್ಲದೆ ಹೊತ್ತುಗಟ್ಟಲೆ ಕಾಯಿಸಿದ ಕುಕ್ಕರ್‌ನ ತಳ ಹಾಳಾದರೆ ನಾಳೆ ಬೇಳೆ ಬೇಯಿಸಲು ಅದನ್ನು ನಂಬುವುದು ಕಷ್ಟ.

ಒಂದು ಹಳೆಯ ದಪ್ಪ ಕಬ್ಬಿಣದ ಬಾಣಲೆ ಇದಕ್ಕೆ ಲೇಸು. ತಳಕ್ಕೆ ಒಂದು ಬೆರಳು ದಪ್ಪ ಒಣ ಮರಳು ಅಥವಾ ಕಲ್ಲುಪ್ಪು ಹರಡಿ, ಮೇಲೊಂದು ಲೋಹದ ಬಳೆ ಅಥವಾ ಸ್ಟ್ಯಾಂಡ್ ಇಡಿ. ಉಪ್ಪು ಬಿಸಿಯನ್ನು "ಹುಟ್ಟಿಸುವುದಿಲ್ಲ", ಉರಿಯ ಬಿಸಿಯನ್ನು ಸಮನಾಗಿ ಹರಡುತ್ತದೆ ಅಷ್ಟೆ. ಮುಚ್ಚಿ 10 ನಿಮಿಷ ಮಧ್ಯಮ ಉರಿಯಲ್ಲಿ ಕಾಯಿಸಿ, ಪಾಸ್ತಾ ಪಾತ್ರೆ ಇಳಿಸಿ, ಭಾರದ ಮುಚ್ಚಳ ಹಾಕಿ, ಉರಿ ತಗ್ಗಿಸಿ 25ರಿಂದ 30 ನಿಮಿಷ ಬಿಡಿ. ನಡುವೆ ಒಮ್ಮೆ ಮುಚ್ಚಳದಡಿಯ ನೀರನ್ನು ಒರೆಸಿ, ಇಲ್ಲವಾದರೆ ಅದು ಚೀಸಿನ ಮೇಲೆ ತೊಟ್ಟಿಕ್ಕುತ್ತದೆ. ನಾನ್‌ಸ್ಟಿಕ್ ಬಾಣಲೆ ಇದಕ್ಕೆ ಬೇಡ, ಖಾಲಿ ಕಾಯಿಸಿದಾಗ ಸುಮಾರು 260 ಡಿಗ್ರಿ ಮೀರಿದರೆ ಅದರ ಲೇಪ ಒಡೆದು ಹೊಗೆ ಬಿಡುತ್ತದೆ. ಒಳಗಿಡುವ ಪಾತ್ರೆ ಸ್ಟೀಲಿನದಾಗಿರಲಿ, ಗಾಜಿನದು ಬಿರುಕು ಬಿಡಬಹುದು.

ಇದರಲ್ಲಿ ಬಿಸಿ ಕೆಳಗಿನಿಂದ ಬರುವುದರಿಂದ ಚೀಸ್ ಕರಗುತ್ತದೆ, ಕೆಂಪಾಗುವುದಿಲ್ಲ. ಕೆಂಪಾಗಲೇಬೇಕೆಂದರೆ ಕಬ್ಬಿಣದ ಕಾವಲಿಯನ್ನು ಚೆನ್ನಾಗಿ ಕಾಯಿಸಿ, ಇಕ್ಕಳದಿಂದ ಹಿಡಿದು ಪಾತ್ರೆಯ ಬಾಯಿಯ ಮೇಲೆ ಮೂರ್ನಾಲ್ಕು ನಿಮಿಷ ಬೋರಲು ಇಡಿ. ಸೌದೆ ಒಲೆ ಇರುವ ಮನೆಯವರಿಗೆ ಇದಕ್ಕಿಂತ ಒಳ್ಳೆಯ ಉಪಾಯ ಗೊತ್ತೇ ಇದೆ: ಮುಚ್ಚಳದ ಮೇಲೂ ಕೆಂಡ ಹಾಕುವುದು. ಮೇಲೆ ಕೆಳಗೆ ಎರಡೂ ಕಡೆ ಬಿಸಿ, ಓವನ್ ಮಾಡುವುದೂ ಅದನ್ನೇ. ಕೆಂಡದ ಕೆಲಸ ಮಾತ್ರ ಹೊರಗೆ ಅಥವಾ ಕಿಟಕಿ ಬಾಗಿಲು ತೆರೆದ ಕಡೆ ಮಾಡಿ. ಮುಚ್ಚಿದ ಕೋಣೆಯಲ್ಲಿ ಕೆಂಡ ಬಿಡುವ ಕಾರ್ಬನ್ ಮಾನಾಕ್ಸೈಡ್‌ಗೆ ವಾಸನೆ ಇಲ್ಲ, ಜೀವ ತೆಗೆಯುತ್ತದೆ.

ಉಳಿದದ್ದು ಹಾಟ್‌ಬಾಕ್ಸಿಗೆ ಬೇಡ

ಪಾಸ್ತಾ ತಿಂದು ಇಪ್ಪತ್ತು ವರ್ಷದ ವಿದ್ಯಾರ್ಥಿ ಸತ್ತ ಎಂಬ ಸಂದೇಶ ಬಂದಿದ್ದರೆ, ಅದು ಸುಳ್ಳಲ್ಲ. 2008ರಲ್ಲಿ ಬೆಲ್ಜಿಯಂನಲ್ಲಿ ನಡೆದದ್ದು. 2011ರಲ್ಲಿ ವೈದ್ಯಕೀಯ ಪತ್ರಿಕೆಯೊಂದರಲ್ಲಿ ವರದಿಯಾಯಿತು. ಫಾರ್ವರ್ಡ್‌ನಲ್ಲಿ ಬಿಟ್ಟುಹೋಗುವ ಸಾಲು ಇದು: ಆ ಸ್ಪಗೆಟ್ಟಿಯನ್ನು ಐದು ದಿನ ಮೊದಲು ಬೇಯಿಸಿ, ಫ್ರಿಜ್‌ನಲ್ಲಿಡದೆ ಅಡುಗೆಮನೆಯಲ್ಲೇ ಬಿಡಲಾಗಿತ್ತು. ಬ್ಯಾಸಿಲಸ್ ಸೀರಿಯಸ್ ಎಂಬ ಬ್ಯಾಕ್ಟೀರಿಯಾ ಅದರಲ್ಲಿ ಬೆಳೆದು ಸೀರ್ಯುಲೈಡ್ ಎಂಬ ವಿಷ ಬಿಟ್ಟಿತ್ತು, ಅದು ಯಕೃತ್ತನ್ನು ಕೆಡಿಸಿತು. ಸಾವು ಅಪರೂಪ, ಆದರೆ ಇದೇ ಬ್ಯಾಕ್ಟೀರಿಯಾದಿಂದ ಬರುವ ವಾಂತಿ ಅಪರೂಪವಲ್ಲ. ಹೊರಗೆ ಬಿಟ್ಟ ಅನ್ನದಲ್ಲೂ ಇದು ಬೆಳೆಯುತ್ತದೆ. ಆ ವಿಷ ಒಮ್ಮೆ ಹುಟ್ಟಿತೆಂದರೆ ಮತ್ತೆ ಬಿಸಿ ಮಾಡಿದರೂ ಹೋಗುವುದಿಲ್ಲ. "ಚೆನ್ನಾಗಿ ಕುದಿಸಿಕೊಂಡು ತಿಂದರೆ ಆಯ್ತು" ಎಂಬ ಮಾತು ಇಲ್ಲಿ ಕೆಲಸಕ್ಕೆ ಬರುವುದಿಲ್ಲ.

ಮಾಂಸದ ಸಾಸಿನಲ್ಲಿ ಇನ್ನೊಂದು ಜೀವಿ ಕಾಯುತ್ತಿರುತ್ತದೆ, ಕ್ಲಾಸ್ಟ್ರಿಡಿಯಂ ಪರ್ಫ್ರಿಂಜೆನ್ಸ್. ಅದರ ಬೀಜಾಣು ಅಡುಗೆಯ ಬಿಸಿಯನ್ನು ತಡೆದುಕೊಂಡು, ಸಾಸು ತಣಿಯುತ್ತ 43ರಿಂದ 47 ಡಿಗ್ರಿಗೆ ಬಂದಾಗ ಎದ್ದು ಅತಿ ವೇಗವಾಗಿ ಬೆಳೆಯುತ್ತದೆ, ಹತ್ತು ನಿಮಿಷದ ಆಸುಪಾಸಿನಲ್ಲಿ ಒಂದು ಎರಡಾಗುವಷ್ಟು ವೇಗ. ಈಗ ಆ ಎರಡು ಕ್ಯಾಸರೋಲ್‌ಗಳ ವಿಷಯ. ಸಂಜೆ ಮಾಡಿದ ಪಾಸ್ತಾವನ್ನು ರಾತ್ರಿ ತಡವಾಗಿ ಬರುವವರಿಗೆಂದು, ಅಥವಾ ಬೆಳಗ್ಗೆ ಮಕ್ಕಳ ಡಬ್ಬಿಗೆಂದು ಹಾಟ್‌ಬಾಕ್ಸ್‌ನಲ್ಲಿ ಮುಚ್ಚಿಟ್ಟರೆ ಏನಾಗುತ್ತದೆ? ಆ ಡಬ್ಬಿ ಬಿಸಿ ಕೊಡುವುದಿಲ್ಲ, ಇರುವ ಬಿಸಿ ನಿಧಾನ ಇಳಿಯುವಂತೆ ಮಾಡುತ್ತದೆ. ಗಂಟೆಗಟ್ಟಲೆ ಉಗುರುಬೆಚ್ಚಗೆ ಇಡುವುದೆಂದರೆ ಈ ಬ್ಯಾಕ್ಟೀರಿಯಾಗೆ ಬೇಕಾದ ಬಿಸಿಯನ್ನೇ ಕಟ್ಟಿಕೊಟ್ಟಂತೆ. ಒಣ ಚಪಾತಿಗೆ ಆ ಡಬ್ಬಿ ಸರಿ. ಮಾಂಸ, ಸಾಸು, ಚೀಸ್ ಇರುವ ಪಾಸ್ತಾಗೆ ಅಲ್ಲ.

ಬೇಯಿಸಿದ್ದು ಹೊರಗೆ ಎರಡು ಗಂಟೆಗಿಂತ ಹೆಚ್ಚು ಇರಬಾರದು. ಹೊರಗಿನ ಬಿಸಿ 32 ಡಿಗ್ರಿ ಮೀರಿದ್ದರೆ, ಅಂದರೆ ನಮ್ಮ ಬಯಲುಸೀಮೆಯ ಬೇಸಿಗೆಯ ಬಹುಪಾಲು ದಿನಗಳಲ್ಲಿ, ಒಂದೇ ಗಂಟೆ. ಉಳಿಸಬೇಕೆಂದಿದ್ದರೆ ದೊಡ್ಡ ಪಾತ್ರೆಯಲ್ಲೇ ಫ್ರಿಜ್‌ಗೆ ಇಡದೆ ಅಗಲವಾದ ಚಿಕ್ಕ ಡಬ್ಬಿಗಳಿಗೆ ಹಂಚಿ, ಬೇಗ ತಣಿಯುತ್ತದೆ. "ಬಿಸಿ ಇರುವಾಗ ಫ್ರಿಜ್‌ನಲ್ಲಿಟ್ಟರೆ ವಿಷ" ಎಂಬುದೂ ಸುಳ್ಳೇ, ಹಬೆ ಅಡಗಿದ ಮೇಲೆ ಇಡಬಹುದು. ಎರಡು ದಿನದೊಳಗೆ, ನಡುಭಾಗದಿಂದಲೂ ಹಬೆ ಏಳುವಷ್ಟು ಬಿಸಿ ಮಾಡಿ ಮುಗಿಸಿ. ಫ್ರಿಜ್ ಇಲ್ಲದ ಮನೆಯಲ್ಲಿ, ಅಥವಾ ರಾತ್ರಿಯಿಡೀ ಕರೆಂಟ್ ಹೋಗಿದ್ದರೆ, ಉಳಿದದ್ದನ್ನು ಚೆಲ್ಲುವುದೇ ಸರಿ. 200 ಗ್ರಾಂ ಚೀಸ್ ಹಾಕಿದ್ದನ್ನು ಚೆಲ್ಲಲು ಯಾರಿಗೂ ಮನಸ್ಸು ಬಾರದು, ಅದಕ್ಕೇ ಒಂದು ಹೊತ್ತಿಗೆ ಮುಗಿಯುವಷ್ಟೇ ಮಾಡಿ. ಮೇಲಿನ ಅಳತೆಯೆಲ್ಲ ಹಾಗೆ ಲೆಕ್ಕ ಹಾಕಿದ್ದು.

ಬ್ಯಾಸಿಲಸ್‌ನ ವಾಂತಿ ತಿಂದ ಒಂದರಿಂದ ಆರು ಗಂಟೆಯೊಳಗೆ ಶುರುವಾಗುತ್ತದೆ. ಪರ್ಫ್ರಿಂಜೆನ್ಸ್‌ನ ಹೊಟ್ಟೆನೋವು, ಭೇದಿ ಹೆಚ್ಚಾಗಿ ಎಂಟು ಗಂಟೆಯ ಮೇಲೆ. ಬಹುತೇಕರಿಗೆ ಒಂದು ದಿನದಲ್ಲಿ ತಾನಾಗಿ ಇಳಿಯುತ್ತದೆ, ಓಆರ್‌ಎಸ್ ಕರಡಿದ ನೀರನ್ನು ಗುಟುಕು ಗುಟುಕಾಗಿ ಕುಡಿಸುತ್ತಿರಬೇಕು. ಮಲದಲ್ಲಿ ರಕ್ತ, ನಿಲ್ಲದ ವಾಂತಿ, ಆರೇಳು ಗಂಟೆ ಮೂತ್ರ ಬಾರದಿರುವುದು, ಕಣ್ಣು ಹಳದಿಯಾಗುವುದು, ಮಂಪರು ಇವುಗಳಲ್ಲಿ ಯಾವುದೊಂದು ಕಂಡರೂ, ಅಥವಾ ಕಾಯಿಲೆ ಬಿದ್ದವರು ಚಿಕ್ಕ ಮಗು, ಬಸುರಿ, ವಯಸ್ಸಾದವರಾಗಿದ್ದರೆ, ಕಾಯದೆ ಆಸ್ಪತ್ರೆಗೆ ಕರೆದೊಯ್ಯಿರಿ. ಏನು ತಿಂದಿದ್ದರು, ಯಾವಾಗ ಬೇಯಿಸಿದ್ದು, ಎಲ್ಲಿ ಇಟ್ಟಿದ್ದು ಎಂಬುದನ್ನು ವೈದ್ಯರಿಗೆ ಹೇಳಿ.